ನಾಲ್ಕು ಗಂಟೆಯ ಬಸ್ಸಿಗೆ ಕೊಟ್ಟ ಸುದ್ದಿ

ತೊಂಬತ್ತರ ದಶಕದಲ್ಲಿ ನಾನು ಮೈಸೂರಿನ ಪತ್ರಿಕೆಯೊಂದಕ್ಕೆ ಅರಮನೆಯವರ, ದೊಡ್ಡ ಮನೆತನದವರ ಸುದ್ದಿ ಬರೆಯುತ್ತಿದ್ದೆ. ಶ್ರೀರಂಗಪಟ್ಟಣದಿಂದ ನಾಗಮಂಗಲದವರೆಗೆ ನನ್ನ ಸೀಮೆ. ಯಾರ ಮದುವೆಗೆ ಯಾರು ಬಂದರು, ಯಾವ ಸೀರೆ, ಯಾವ ಕಾರು, ಇಷ್ಟೇ ನನ್ನ ವಿದ್ಯೆ.

ಹೇಳಿಕೊಳ್ಳಲು ನಾಚಿಕೆಯಾಗುವ ರೂಢಿಯೊಂದು ನಮ್ಮಲ್ಲಿತ್ತು. ಮರುದಿನದ ಪತ್ರಿಕೆಗೆ ಸುದ್ದಿ ಬರಬೇಕಾದರೆ ಅದರ ಕವರನ್ನು ಪಾಂಡವಪುರದಲ್ಲಿ ಮೈಸೂರಿಗೆ ಹೋಗುವ ನಾಲ್ಕು ಗಂಟೆ ಬಸ್ಸಿನ ಕಂಡಕ್ಟರ್ ಕೈಗೆ ಕೊಡಬೇಕು. ಆರತಕ್ಷತೆ ಇರುವುದು ಸಂಜೆಗೆ. ಆದ್ದರಿಂದ ನಡೆಯದ್ದನ್ನು ನಡೆದಂತೆ ಮೊದಲೇ ಬರೆದು ಕಳಿಸುತ್ತಿದ್ದೆವು. ನನಗಂತೂ ಅದೇ ಸುಖ. ಮಧ್ಯಾಹ್ನ ತೊಣ್ಣೂರು ಕೆರೆ ಏರಿಯ ಮೇಲೆ ಕೂತರೆ, ನೀರಿನ ಬೆಳಕಿಗೆ ಕಣ್ಣು ತಾನಾಗಿ ಮುಚ್ಚುತ್ತಿತ್ತು. ಆ ಅರೆನಿದ್ದೆಯಲ್ಲೇ ವಾಲಗ ಊದಿಸುತ್ತಿದ್ದೆ, ಪನ್ನೀರು ಚಿಮುಕಿಸುತ್ತಿದ್ದೆ, ಕಾರಿನ ಬಾಗಿಲು ತೆಗೆಸುತ್ತಿದ್ದೆ.

ಕ್ಯಾತನಹಳ್ಳಿ ಕಡೆಯ ಹಳೇ ಪಟೇಲರೊಬ್ಬರ ಹಿರಿಮಗಳ ಮದುವೆಗೂ ಹಾಗೇ ಬರೆದೆ. ಅರಮನೆಯ ನೆಂಟರಾದ ಹಿರಿಯಮ್ಮನೊಬ್ಬರು ಆರತಕ್ಷತೆಗೆ ಬರಲು ಒಪ್ಪಿದ್ದರು. ಪಟೇಲರು ಊರಿಗೆಲ್ಲ ಹೇಳಿಕೊಂಡು, ರೇಷ್ಮೆ ಹೊದಿಸಿದ ಕುರ್ಚಿ ಹಾಕಿಸಿದ್ದರು. ನನ್ನ ಬರಹದಲ್ಲಿ ಆಕೆ ನೇರಳೆ ಬಣ್ಣದ ಸೀರೆಯುಟ್ಟು ಬಂದು, ಮದುಮಗಳ ಗಲ್ಲ ಹಿಡಿದು ಹರಸಿದರು.

ಆಕೆ ಬರಲೇ ಇಲ್ಲ. ಪಟೇಲರು ಹತ್ತು ಸಲ ಚಪ್ಪರದಾಚೆ ಹೋಗಿ ರಸ್ತೆ ನೋಡಿದರು. ಕೊನೆಗೆ ಕುರ್ಚಿಯನ್ನು ತಾವೇ ಎತ್ತಿ ಒಳಗಿಟ್ಟರು. ನಾನು ಎಸ್‌ಟಿಡಿ ಬೂತಿಗೆ ಓಡಿದೆ. ಆ ಸಾಲು ತೆಗೆಸಲು ಒಂದು ಫೋನು ಸಾಕಿತ್ತು. ರಿಸೀವರ್ ಹಿಡಿದಾಗ ಕುರ್ಚಿ ಎತ್ತುತ್ತಿದ್ದ ಪಟೇಲರ ಮುಖ ನೆನಪಾಯಿತು. ಪಾಪ, ಪತ್ರಿಕೆಯಲ್ಲಾದರೂ ಆಕೆ ಬಂದಿರಲಿ ಎಂದು ಫೋನು ಮಾಡದೆ ಇಟ್ಟುಬಿಟ್ಟೆ.

ಮರುದಿನ ಮುಹೂರ್ತದ ಹೊತ್ತಿಗೆ ಪತ್ರಿಕೆ ಚಪ್ಪರದಲ್ಲಿ ಕೈಯಿಂದ ಕೈಗೆ ಓಡಾಡುತ್ತಿತ್ತು. ಖಾಲಿ ಕುರ್ಚಿಯನ್ನು ಕಣ್ಣಾರೆ ಕಂಡಿದ್ದ ಜನವೇ ಅದನ್ನು ಓದಿ ಮುಸಿಮುಸಿ ನಗುತ್ತಿದ್ದರು. ಧಾರೆ ಮುಗಿಸಿದ ಪಟೇಲರು ನನ್ನನ್ನು ಅಡುಗೆ ಒಲೆಗಳ ಹಿಂದಕ್ಕೆ ಕರೆದರು. ರೇಗಲಿಲ್ಲ.

“ಬರ್ನಿಲ್ಲ ಅಂದಿದ್ರೆ ಒಂದಿನ ಆಡ್ಕೊಂಡು ಸುಮ್ಕಾಗೋರು. ಈಗ ನಾನೇ ಸುಳ್ಳು ಬರಿಸ್ದೆ ಅಂತಾವ್ರೆ. ಅವ್ರು ಬಂದಿರ್ನಿಲ್ಲ ಅಂತ ನಾಳಿಕೆ ಬರ್ದ್ಬುಡಪ್ಪ.”

ಆಗಲಿ ಎಂದೆ. ಬರೆಯಲಿಲ್ಲ. ತಪ್ಪೊಪ್ಪಿಗೆ ಅಚ್ಚಾದರೆ ನನ್ನ ಕೆಲಸ ಹೋಗುತ್ತಿತ್ತು. ಅವರ ಮಾನಕ್ಕಿಂತ ನನ್ನ ಕೆಲಸ ದೊಡ್ಡದಾಯಿತು. ಇದಕ್ಕೆ ಹೇಡಿತನವಲ್ಲದೆ ಬೇರೆ ಹೆಸರಿಲ್ಲ.

ಎರಡು ವರ್ಷದ ಮೇಲೆ ಕಿರಿಮಗಳ ಲಗ್ನಪತ್ರಿಕೆ ಹಿಡಿದು ಅವರೇ ನಮ್ಮ ಮನೆಗೆ ಬಂದರು. ನನ್ನ ಹೆಂಡತಿಯನ್ನು ಬಾಯ್ತುಂಬ ಕರೆದು, ಆಮೇಲೆ ನನ್ನ ಕಡೆ ತಿರುಗಿದರು.

“ಪೆನ್ನು ಮನೇಲೇ ಬುಟ್ಟು, ಊಟಕ್ಕೆ ಬನ್ನಿ ಸ್ವಾಮಿ.”

ಹೋದೆ. ಅವರೇ ಪಕ್ಕದಲ್ಲಿ ನಿಂತು ಬಡಿಸಿದರು. ಎಲೆಯಿಂದ ತಲೆ ಎತ್ತಲು ನನಗಾಗಲಿಲ್ಲ.