ಗೋಡೆಯ ಚಿತ್ರ ಬರೆದವರು ಜಯಕ್ಕ

ಸ್ಯಾನ್ ಫ್ರಾನ್ಸಿಸ್ಕೋದ ಮಿಷನ್ ಬಡಾವಣೆಯ ಆ ಗೋಡೆಯ ಚಿತ್ರ ನನ್ನದಲ್ಲ. ಜಯಕ್ಕ, ಅದು ನಿಮ್ಮದು. ನಿಮ್ಮ ಎದುರಿಗೇ ಅದನ್ನು ನನ್ನದೆಂದು ಹೇಳಿದೆ — ಮತ್ತು ನಿಮಗೆ ತಿಳಿಯದಂತೆ ನೋಡಿಕೊಂಡೆ.

ಎಂಬತ್ತರ ದಶಕದ ಆ ದಿನಗಳನ್ನು ನೆನೆದರೆ ಈಗಲೂ ಎದೆ ಉಬ್ಬುತ್ತದೆ. ಆ ಬಡಾವಣೆಯ ಬೀದಿಗಳಲ್ಲಿ ನಮ್ಮ ಗುಂಪಿನ ಹೆಂಗಸರು ಏಣಿ ಹತ್ತಿ ಗೋಡೆಗಳಿಗೆ ಚಿತ್ರ ಬರೆಯುತ್ತಿದ್ದರು. ಇಳಿದು ಬಂದು, ಬಣ್ಣದ ಕೈಯಲ್ಲೇ ಸಭೆಗೆ ಕುರ್ಚಿ ಜೋಡಿಸುತ್ತಿದ್ದರು. ನಾನು ಶನಿವಾರಗಳಂದು ಸ್ಯಾನ್ ಹೊಸೆಯಿಂದ ಬರುತ್ತಿದ್ದ, ಮೈಸೂರಿನ ಇಂಜಿನಿಯರೊಬ್ಬರ ಹೆಂಡತಿ. ನೀವು ಮಂಡ್ಯದವರು. ಯಾರದೋ ಮಗು ನೋಡಿಕೊಳ್ಳಲು ಬಂದು, ಆ ಮನೆಯವರ ಮಾತು ಸಹಿಸದೆ ಹೊರಬಿದ್ದು, ಹೊಲಿಗೆ ಅಂಗಡಿ ಸೇರಿದ್ದಿರಿ. ನಿಮಗೆ ಇಂಗ್ಲಿಷ್ ಬಾರದು. ಗುಂಪಿನವರ ಮಾತು ನಿಮಗೆ, ನಿಮ್ಮ ಮಾತು ಅವರಿಗೆ ಮುಟ್ಟಿಸುವವಳು ನಾನೊಬ್ಬಳೇ —

ನೀವಿದ್ದ ಕಟ್ಟಡದ ಬಾಡಿಗೆದಾರರನ್ನೆಲ್ಲ ಮಾಲೀಕರು ಒಕ್ಕಲೆಬ್ಬಿಸುತ್ತಾರೆಂದು ಗೊತ್ತಾದಾಗ, ಅದರ ಗೋಡೆಯ ಮೇಲೆ ಚಿತ್ರ ಬರೆಯೋಣ ಎಂದು ನಮ್ಮ ಗುಂಪು ತೀರ್ಮಾನಿಸಿತು. ಮುಂದಿನ ಶನಿವಾರ ನೀವು ಮಡಿಸಿದ ಕಾಗದವೊಂದನ್ನು ನನ್ನ ಕೈಗಿಟ್ಟಿರಿ. "ಸುಮತೀ, ಇದನ್ನ ಅವ್ರಿಗೆ ತೋರ್ಸವ್ವ." ಅದರಲ್ಲಿ ನೀವು ಬರೆದದ್ದು: ಸಾಲಾಗಿ ಕೂತ ಹೊಲಿಗೆಯ ಹೆಂಗಸರು, ಅವರ ಯಂತ್ರಗಳಿಂದ ಹೊರಬರುವ ಬಟ್ಟೆಯೇ ಬೀದಿಯಾಗಿ, ಬೀದಿಯ ತುಂಬ ಮನೆಗಳು.

ಸಭೆಯಲ್ಲಿ ಬಿಡಿಸಿ ತೋರಿಸಿದೆ. ನೀನೇ ಬರೆದೆಯಾ ಎಂದು ಕೇಳಿದರು. ಹೌದು ಎಂದೆ. ಬಾಯಿ ತಪ್ಪಿ ಬಂತು — ಇಲ್ಲ, ಹಾಗೆಂದು ಜಾರಿಕೊಳ್ಳಲಾರೆ. ಬೇಕೆಂದೇ ಹೇಳಿದೆ. ಎಲ್ಲರೂ ಚಪ್ಪಾಳೆ ತಟ್ಟಿದರು.

"ಏನಂತವ್ವಾ?" ಎಂದಿರಿ ನೀವು.

"ಚೆನ್ನಾಗಿದೆ ಅಂತಿದ್ದಾರೆ, ಜಯಕ್ಕ."

ನೀವು ಎದ್ದು ನಿಂತು ಎಲ್ಲರಿಗೂ ಕೈಮುಗಿದಿರಿ.

ಆಮೇಲೆ ಗೋಡೆಯ ಬಳಿ ನೀವು ತಿದ್ದಿದ್ದನ್ನೆಲ್ಲ ನಾನು ನನ್ನ ಯೋಚನೆಯೆಂದೇ ಇಂಗ್ಲಿಷಿಗೆ ತಂದೆ. ಪತ್ರಿಕೆಯಲ್ಲಿ ನನ್ನ ಹೆಸರು ಬಂತು. ಗೋಡೆಯ ಮೂಲೆಯಲ್ಲೂ.

ಒಂದು ದಿನ ಮಾತ್ರ ನಿಮ್ಮ ಮಾತನ್ನು ಒಂದಕ್ಷರ ಬದಲಿಸದೆ ಮುಟ್ಟಿಸಿದೆ. ನಗರಸಭೆಯ ವಿಚಾರಣೆಯಲ್ಲಿ ನೀವು ಮೈಕಿನ ಮುಂದೆ ನಿಂತು ಹೇಳಿದಿರಿ: "ನಾವ್ ಹೊಲ್ದ ಬಟ್ಟೆ ಹಾಕ್ಕಂಡು ನಮ್ಮನ್ನೇ ಎಬ್ಬಿಸಕ್ ಬಂದವ್ರೆ." ನಾನದನ್ನು ಇಂಗ್ಲಿಷಿನಲ್ಲಿ ಹೇಳಿದಾಗ ಇಡೀ ಸಭಾಂಗಣ ಎದ್ದು ನಿಂತಿತು. ಕಟ್ಟಡ ಉಳಿಯಿತು. ಉಳಿಸಿದ್ದು ನೀವು — ನಿಮ್ಮ ಪಕ್ಕ ನಿಂತಿದ್ದೆನೆಂಬ ಹೆಮ್ಮೆ ನನಗೆ ಇಂದಿಗೂ ಇದೆ.

ಹೊರಗೆ ಬಂದಾಗ ಕೇಳಿದಿರಿ: "ಪೇಪರ್‌ನಾಗೆ ನನ್ ಹೆಸ್ರು ಇಲ್ವಂತಲ್ಲ?"

"ಎಲ್ಲರ ಹೆಸರೂ ಹಾಕಲ್ಲ, ಜಯಕ್ಕ."

"ಹೋಗ್ಲಿ ಬುಡು. ಮನೆ ಉಳೀತಲ್ಲ."

ಈಗ ಆ ಗೋಡೆಗೆ ಮತ್ತೆ ಬಣ್ಣ ಹಚ್ಚುತ್ತಿದ್ದಾರೆ. ಕಳೆದ ವಾರ ಹಳೆಯ ಗೆಳತಿಯರೆಲ್ಲ ಸೇರಿದ್ದಾಗ ನಿಜ ಹೇಳಿದೆ. ಯಾರೂ ನನ್ನನ್ನು ಸಮಾಧಾನ ಮಾಡಲಿಲ್ಲ, ಮಾಡಬೇಕಾಗಿಯೂ ಇರಲಿಲ್ಲ. ನನ್ನ ಹೆಸರನ್ನು ನಾನೇ ಕೆರೆದು ತೆಗೆದೆ. ಆ ಜಾಗ ಖಾಲಿ ಇದೆ.

ಭಾನುವಾರ ಮಿಲ್ಪಿಟಾಸಿಗೆ, ನಿಮ್ಮ ತಂಗಿಯ ಮಗಳ ಮನೆಗೆ ಬಂದು ಇದನ್ನು ನಿಮಗೆ ಓದಿ ಹೇಳುತ್ತೇನೆ. ನೀವು ಬಾಗಿಲು ಹಾಕಿಕೊಂಡರೆ, ಹೊರಗೆ ನಿಂತೇ ಓದುತ್ತೇನೆ.