ಗೋಡೆಯ ಮೇಲಿನ ಸವತಿ

ನಮ್ಮ ಮನೆಯಲ್ಲಿ ಇದ್ದವಳು ಗಂಡನ ಸತ್ತುಹೋದ ಮೊದಲ ಹೆಂಡತಿ, ಬದುಕಿರುವ ನಾನಲ್ಲ. ನಡೆದದ್ದು ಇಷ್ಟೇ.

ನಾನು ಎರಡನೆಯವಳಾಗಿ ಬಂದಾಗಿನಿಂದ ಯಾವ ಹೊಸ ಸೀರೆಯಾದರೂ ಮೊದಲು ಅವಳ ಫೋಟೊದ ಮುಂದೆ ಇಡಬೇಕು, ಆಮೇಲೆ ನಾನು ಉಡಬೇಕು. ಹೋದ ಯುಗಾದಿಗೆ ಹಿಂದೂಪುರದಿಂದ ತಂದ ಸೀರೆಯನ್ನೂ ಹಾಗೇ ಇಟ್ಟೆ.

ಮೊಮ್ಮಗಳು ಫೋಟೊ ತೋರಿಸಿ ಕೇಳಿದಳು: "ತಾತಾ, ಆಯಮ್ಮ ಈಗ ಎಲ್ಲವ್ಳೆ?"

"ಇಲ್ಲೇ ಅವ್ಳೆ ಕಣಮ್ಮ, ಎಲ್ಲೋಯ್ತಾಳೆ?" ಎಂದ ನನ್ನ ಮುದುಕ.

"ಹಂಗಾದ್ರೆ ನಾನೆಲ್ಲಿವ್ನಿ?" ಎಂದೆ.

"ನೀನು ಒಲೆ ಮುಂದೆ ಅಲ್ವೇನೆ? ಒಬ್ಬಟ್ಟು ಸೀದೋಯ್ತೈತೆ ನೋಡು."

ಸತ್ತವಳಿಗೆ ಮುಪ್ಪಿಲ್ಲ, ಅವಳ ಒಬ್ಬಟ್ಟು ಯಾವತ್ತೂ ಸೀಯುವುದಿಲ್ಲ.

ಮರುದಿನ ಬೆಳಿಗ್ಗೆ ಆ ಸೀರೆಯುಟ್ಟು ಮೊದಲ ಬಸ್ಸಿಗೇ ಕಲ್ಯಾಣದುರ್ಗಕ್ಕೆ ಹೋದೆ. ಸ್ಟುಡಿಯೋದಲ್ಲಿ ಫೋಟೊ ತೆಗೆಸಿ, ಕಟ್ಟು ಹಾಕಿಸಿ ತಂದು, ಅವಳ ಪಕ್ಕದಲ್ಲೇ ಮೊಳೆ ಹೊಡೆದು ನೇತುಹಾಕಿದೆ.