ಚಿಕ್ಕಬೈರಪ್ಪನ ಗಿಳಿಯ ಕೊರಗು

ಜಯನಗರದ ರಸ್ತೆಗಳಿಗೆ ಇನ್ನೂ ಜಲ್ಲಿ ಹಾಕುತ್ತಿದ್ದ ಕಾಲ. ಸಿದ್ದಾಪುರದ ಸೊಣ್ಣಮ್ಮ ಅಂದರೆ ಅಲ್ಲಿನ ಹೊಸ ಮನೆಗಳವರಿಗೆಲ್ಲ ಗೊತ್ತು. ಬೆಳಗಾದರೆ ದಂಟು, ಮೆಂತ್ಯ, ಸಬ್ಬಸಿಗೆ ತುಂಬಿದ ಮಂಕರಿ ಹೊತ್ತು ಬಾಗಿಲಿಗೆ ಬರುವಾಕೆ. ಗಂಡ ಚಿಕ್ಕಬೈರಪ್ಪನ ತಿಥಿ ಮುಗಿದ ಮಾರನೇ ದಿನವೇ ಮಂಕರಿ ಹೊತ್ತಳು. ಅತ್ತಿರಲಿಲ್ಲ. ಅಳು ಬಂದಿದ್ದರೆ ಅಳುತ್ತಿದ್ದಳು, ಬರಲಿಲ್ಲ, ಅಷ್ಟೇ. ಉಂಡರೆ ಉಪ್ಪು ತಿಳಿಯದು, ಉಣ್ಣದಿದ್ದರೆ ಹಸಿವು ತಿಳಿಯದು.

ಗಂಡ ಬಿಟ್ಟುಹೋಗಿದ್ದು ಒಂದು ಗಿಳಿ. ತೋಟದಿಂದ ಬಂದು ಜಗಲಿಯಲ್ಲಿ ಕೂತು ಅವನು "ಸೊಣ್ಣೀ, ನೀರು ತತ್ತಾ" ಅನ್ನುತ್ತಿದ್ದುದನ್ನು ಅವನ ದನಿಯಲ್ಲೇ ಕಲಿತಿತ್ತು. ಅವನು ಹೋದ ಮೇಲೆ ಬಾಯಿ ಮುಚ್ಚಿತು. ಹಗಲೆಲ್ಲ ತೂಕಡಿಸೋದು, ತನ್ನ ಪುಕ್ಕ ತಾನೇ ಕಿತ್ತುಕೊಳ್ಳೋದು. ಎದೆಯೆಲ್ಲ ಬೋಳು.

ಓಣಿಯವರು ನೋಡಿ ಲೊಚಗುಟ್ಟಿದರು. ಯಜಮಾನನ ಕೊರಗು ಹತ್ತಿದೆ, ಇನ್ನು ಉಳಿಯಲ್ಲ ಅಂದರು. ಮೈದುನನ ಹೆಂಡತಿ ಅಕ್ಕಯಮ್ಮನಂತೂ ಪಂಜರದ ಮುಂದೆಯೇ ಸೆರಗು ಮೂಗಿಗೆ ಹಿಡಿದು ಕೂತಳು.

"ಭಾವನಿಗೋಸ್ಕರ ಈ ಹಕ್ಕಿ ಮೈಮೇಲಿನ ಪುಕ್ಕನೆಲ್ಲ ಕಿತ್ಕೊಂಡೈತೆ. ನೀನು ಒಂದು ತೊಟ್ಟು ಕಣ್ಣೀರು ಹಾಕ್ಲಿಲ್ವಲ್ಲಕ್ಕ."

ಸೊಣ್ಣಮ್ಮ ಸೊಪ್ಪಿನ ಕಟ್ಟಿಗೆ ಬಾಳೆನಾರು ಬಿಗಿಯುತ್ತಲೇ ಇದ್ದಳು. ಹಕ್ಕಿಗೆ ಕೊರಗು ಇರಬಹುದು ಅನಿಸಿತು. ಆದರೆ ಗಂಡನ ದನಿ ಆ ಹಕ್ಕಿಯಲ್ಲಿ ಬಿಟ್ಟರೆ ಇನ್ನೆಲ್ಲೂ ಇರಲಿಲ್ಲ. ಹಕ್ಕಿ ಸತ್ತರೆ ಅದೂ ಹೋಯ್ತು. ಇಷ್ಟು ಮಾತ್ರ ಅವಳಿಗೆ ಗೊತ್ತಿತ್ತು.

ಸಂಜೆ ಪಂಜರಕ್ಕೆ ಗಂಡನ ಬಿಳಿ ಪಂಚೆ ಹೊದಿಸೋದು ರೂಢಿ. ಅದನ್ನು ಒಗೆದಿರಲಿಲ್ಲ, ಅವನ ಬೀಡಿಯ ವಾಸನೆ ಹಾಗೇ ಇತ್ತು. ಒಂದು ಬೆಳಿಗ್ಗೆ ಪಂಚೆ ತೆಗೆದರೆ ಮಡಿಕೆಯಲ್ಲಿ ರಾಗಿಗಿಂತ ಸಣ್ಣ ಕೆಂಪು ಚುಕ್ಕಿಗಳು. ನೋಡುತ್ತಿದ್ದಂತೆ ಹರಿದಾಡಿದವು. ಬೆರಳಲ್ಲಿ ಒರೆಸಿದಳು, ರಕ್ತ. ಹಕ್ಕಿ ಕೂರುವ ಕೋಲಿನ ಸೀಳಿಗೆ ಕಡ್ಡಿ ಆಡಿಸಿದರೆ ಅಲ್ಲಿ ಗುಂಪುಗುಂಪು.

ಕೋಳಿಹೇನು. ಹಗಲು ಬಿರುಕಿನಲ್ಲಿ ಅಡಗಿ, ಕತ್ತಲಾದರೆ ಹಕ್ಕಿಯ ರಕ್ತ ಹೀರುವ ಜಾತಿ. ಎಲ್ಲಿಂದ ಬಂತು ಅಂತ ಯೋಚಿಸಬೇಕಾಗಿರಲಿಲ್ಲ. ಸೂತಕದ ಮನೆಗೆ ಸುಣ್ಣ ಹೊಡೆಯುವಾಗ, ಪಂಜರಕ್ಕೂ ಮೈಲಿಗೆ ಅಂತ ಅಕ್ಕಯಮ್ಮನೇ ಅದನ್ನು ಹಿತ್ತಲಿಗೆ ಒಯ್ದು, ತಿಥಿ ಮುಗಿಯೋವರೆಗೆ ತನ್ನ ಕೋಳಿಗೂಡಿನ ಮೇಲಿಟ್ಟಿದ್ದಳು.

ಸೊಣ್ಣಮ್ಮ ಅಂದು ಸೊಪ್ಪು ಮಾರಲು ಹೋಗಲಿಲ್ಲ. ಗಿಳಿಯನ್ನು ಮಂಕರಿಯಡಿ ಮುಚ್ಚಿ, ಪಂಜರದ ಸಂದುಸಂದಿಗೂ ಕುದಿಯುವ ನೀರು ಹುಯ್ದು ಬಿಸಿಲಿಗಿಟ್ಟಳು. ಗಂಡ ಕೆತ್ತಿದ ಕೋಲು ಒಲೆಗೆ ಹೋಯಿತು. ಅದರ ಜಾಗಕ್ಕೆ ಹಸಿ ಬೇವಿನ ಕೊಂಬೆ. ಪಂಚೆಯನ್ನು ಒಂದು ಗಳಿಗೆ ಕೈಯಲ್ಲಿ ಹಿಡಿದಿದ್ದಳು. ಆಮೇಲೆ ಹಂಡೆಗೆ ಹಾಕಿ ಕುದಿಸಿದಳು. ಮೊಟ್ಟೆ ಒಡೆದು ಮತ್ತೆ ಬಂದಾವು ಅಂತ ವಾರವಾರವೂ ಇದೇ ಕೆಲಸ, ದಿನಾ ಬೆಳಿಗ್ಗೆ ಪಂಚೆಯ ಮಡಿಕೆ ಬಿಡಿಸಿ ನೋಡೋದು.

ಗಿಳಿಯ ಎದೆಯ ಮೇಲೆ ಹಸಿರು ಮೊಳೆಯಿತು. ಅಕ್ಕಯಮ್ಮ ಬಂದು, ಭಾವನ್ನ ಇಷ್ಟು ಬೇಗ ಮರ್ತುಬಿಡ್ತಾ ಅಂದಳು.

"ಅದು ನೆನೆಸ್ಕೊಂಡೇ ಇರ್ಲಿಲ್ಲ ಕಣೆ. ಹೇನು ಕಚ್ತಿತ್ತು, ಕಿತ್ಕೊಳ್ತಿತ್ತು. ನಿನ್ನ ಕೋಳಿಗೂಡಿಗೂ ಒಂದಿಷ್ಟು ಬಿಸಿನೀರು ಹುಯ್ಯಿ."

ಒಂದು ಮಧ್ಯಾಹ್ನ ಜಗಲಿಯಿಂದ ಚಿಕ್ಕಬೈರಪ್ಪನ ದನಿ ಬಂತು: "ಸೊಣ್ಣೀ, ನೀರು ತತ್ತಾ."

ಸೊಣ್ಣಮ್ಮ ಎದ್ದು ಚೊಂಬಿನಲ್ಲಿ ನೀರು ತಂದಳು. ಪಂಜರದ ಗಿಳಿ ಬಿಟ್ಟರೆ ಜಗಲಿಯಲ್ಲಿ ಯಾರೂ ಇರಲಿಲ್ಲ. ಗಿಳಿಯ ಬಟ್ಟಲಿಗೆ ಒಂದಿಷ್ಟು ಹುಯ್ದು, ಮಿಕ್ಕಿದ್ದನ್ನು ಸೊಪ್ಪಿನ ಕಟ್ಟುಗಳ ಮೇಲೆ ಚಿಮುಕಿಸಿದಳು.